ಬೀಳುವ ಜಮಖಾನ

ನಮ್ಮೂರಲ್ಲಿ ಹಲಗಿ ಬಡಿದರೆ ಎಲ್ಲರೂ ಕಣ್ಣು ಮುಚ್ಚಿಕೊಳ್ಳುತ್ತಾರೆ. ರೊಟ್ಟಿ ಬಡಿಯುವವಳು ಕೈಯನ್ನು ಹಾಗೇ ಎತ್ತಿ ಹಿಡಿದು ಮುಚ್ಚುತ್ತಾಳೆ. ಹಡಪದ ಬಸಲಿಂಗಪ್ಪ ಗಿರಾಕಿಯ ಗಲ್ಲದಿಂದ ಕತ್ತಿ ತೆಗೆದು ಮುಚ್ಚುತ್ತಾನೆ, ಗಿರಾಕಿ ಅರ್ಧ ಮೀಸೆಯಲ್ಲೇ ಮುಚ್ಚುತ್ತಾನೆ. ಹಸುಗೂಸುಗಳ ಮುಖದ ಮೇಲೆ ತಾಯಂದಿರು ಸೆರಗು ಎಳೆಯುತ್ತಾರೆ. ಎಮ್ಮೆಗಳಿಗೆ ಮಾತ್ರ ಈ ಕಟ್ಟಳೆ ಇಲ್ಲ. ಅವು ಯಾವುದನ್ನೂ ಅಷ್ಟು ಮನಸ್ಸಿಟ್ಟು ನೋಡುವುದಿಲ್ಲ. ಎರಡನೆಯ ಸಲ ಹಲಗಿ ಬಡಿದಾಗ ಕಣ್ಣು ಬಿಟ್ಟರೆ, ಇಪ್ಪತ್ತು ಎತ್ತು ಎಳೆದರೂ ಜಗ್ಗದಿದ್ದ ಕಲ್ಲೊಂದು ಯಾರದೋ ಗೋಡೆಯ ಮೇಲೆ ಹೋಗಿ ಕೂತಿರುತ್ತದೆ.

ಕಲ್ಲು ಎತ್ತುವವರನ್ನು ನೋಟಗಾರರು ಎನ್ನುತ್ತೇವೆ. ಹನ್ನೊಂದು ಮಂದಿ, ಎಲ್ಲರೂ ಗಂಡಸರು. ಊರ ನೆತ್ತಿಯ ಮೇಲೆ ಬೆಟ್ಟದಿಂದ ಧುಮುಕುವ ಧಬಧಬಿ, ಅದರ ಎದುರಿಗೆ ನೋಟದ ಕಟ್ಟೆ. ಕಟ್ಟೆಯ ಮೇಲೆ ಕೂತರೆ ಕಣ್ಣ ಮುಂದೆ ಬೀಳುವ ನೀರು, ತಿರುಗಿದರೆ ಕೆಳಗೆ ಇಡೀ ಊರು. ನಲವತ್ತು ಎಣಿಸುವವರೆಗೆ ನೀರನ್ನು ನೋಡಬೇಕು. ನೀರಿನ ಜೊತೆ ಕಣ್ಣು ಇಳಿಯಬಾರದು. ನಡುವೆ ಒಂದೇ ಕಡೆ ನೆಟ್ಟಿರಬೇಕು. ಆಮೇಲೆ ಕಣ್ಣು ಹೊರಳಿಸಿ ಕಲ್ಲನ್ನು ನೋಡಿದರೆ ಕಲ್ಲು ಏರುತ್ತದೆ. ಏರಿದ ಕಲ್ಲಿಗೆ ಭಾರವಿರುವುದಿಲ್ಲ. ಹನ್ನೆರಡು ಎಣಿಸುವಷ್ಟು ಹೊತ್ತು ಅದು ಹಾಗೆ ತೇಲುತ್ತದೆ. ಅಷ್ಟರಲ್ಲಿ ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ಒಬ್ಬ ಮೇಸ್ತ್ರಿ ಅದನ್ನು ಅಂಗೈಯಿಂದ ತಳ್ಳಿ ಬೇಕಾದ ಕಡೆ ಕೂರಿಸಬಹುದು. ಆದರೆ ನೀರನ್ನು ನೋಡದ ಯಾವನಾದರೂ ಆ ಕಲ್ಲಿನ ಮೇಲೆ ಕಣ್ಣು ಹಾಕಿದನೋ, ಮುಗಿಯಿತು. ಅವನ ಕಣ್ಣಿಗೆ ಕಲ್ಲು ನಿಂತೇ ಇರುತ್ತದೆ, ನಿಂತೇಬಿಡುತ್ತದೆ. ಅದಕ್ಕೇ ಹಲಗಿ.

"ಕಣ್ಣಂದ್ರ ಏನಂತ ತಿಳಿದೀ ಕಾಶವ್ವಾ?" ಎಂದು ನನ್ನ ಆಯಿ ಹೇಳುತ್ತಿದ್ದಳು. ಅಮ್ಮನ ಅಮ್ಮ ಅವಳು. ನನಗೆ ಹಾಲಿಗಿಂತ ಹೆಚ್ಚು ಕಥೆ ಕುಡಿಸಿ ಬೆಳೆಸಿದವಳು. "ಅದೂ ಒಂದು ಆಳು. ಬೀಳೂದನ್ನ ನೋಡಿ ನೋಡಿ ಅದಕ್ಕ ದಣಿವು ಆಗತೈತಿ. ದಣಿದ ಮ್ಯಾಲ ನಿಂತದ್ದನ್ನ ತೋರಿಸಿದ್ರ, ಇದು ಮ್ಯಾಲ ಹೊಂಟೈತಿ ಅಂತ ತಲಿಗೆ ಸುಳ್ಳ ಸುದ್ದಿ ಕಳಸತೈತಿ. ತಲಿ ನಂಬತೈತಿ. ನಮ್ಮೂರಾಗ ತಲಿ ನಂಬಿದ್ದನ್ನ ಕಲ್ಲೂ ನಂಬತೈತಿ, ಅಷ್ಟ ಕಥಿ."

ನಾನು ಯಾವುದನ್ನಾದರೂ ನೋಡುತ್ತ ನಿಂತರೆ ನಿಂತೇಬಿಡುತ್ತಿದ್ದೆ. ಇರುವೆ ಸಾಲು, ಗೋಡೆಯ ಮೇಲಿನ ಬಿಸಿಲು, ಯಾವುದಾದರೂ ಸರಿ. ಓಣಿಯವರು ನನ್ನನ್ನು ಮರಗಣ್ಣಿ ಎಂದು ಕರೆಯುತ್ತಿದ್ದರು. ಒಂದು ಸಲ ಧೈರ್ಯ ಮಾಡಿ, ನನ್ನನ್ನೂ ಕಟ್ಟೆಗೆ ಸೇರಿಸಿಕೊಳ್ಳಿ ಎಂದು ನೋಟಗಾರರ ಮುಖಂಡ ಫಕೀರಪ್ಪ ಕಾಕಾನನ್ನು ಕೇಳಿದ್ದೆ. ಆತ ಮೀಸೆಯೊಳಗೇ ನಕ್ಕು, "ಒಲೀ ಹೊಗಿ ಕುಡಿದ ಕಣ್ಣು ಕಲ್ಲು ಎತ್ತಾಂಗಿಲ್ಲ ತಂಗಿ. ನೀ ಜಮಖಾನ ನೇಯಿ, ಹೋಗು," ಎಂದಿದ್ದ.

ನೇಯುತ್ತಿದ್ದೆ. ಮೂರು ವರ್ಷದಿಂದ ಜೈತುನಬಿ ಚಾಚಿಯ ಹತ್ತಿರ ಕಲಿಯುತ್ತಿದ್ದೆ. ಚಾಚಿಯ ಮಗ್ಗ ಗೋಡೆಗೆ ಆನಿಸಿ ನಿಲ್ಲಿಸಿದ ಬಾಗಿಲಿನ ಚೌಕಟ್ಟಿನಂಥದು. ಮೇಲೊಂದು ಮರದ ದಿಂಡು, ಕೆಳಗೊಂದು ದಿಂಡು, ನಡುವೆ ನೂಲು. ಬಣ್ಣ ಹಾಕಿದ ನೂಲನ್ನು ಏಳು ಸಲ ಧಬಧಬಿಯ ನೀರಿನಲ್ಲಿ ಜಾಲಿಸದಿದ್ದರೆ ಕೆಂಪು ಕೆಂಪಾಗಿ ನಿಲ್ಲುವುದಿಲ್ಲ ಎಂದು ಅವಳ ನಂಬಿಕೆ. ಅವಳ ಓಣಿಯ ಹದಿನಾರು ಮನೆಗಳದೂ ಅದೇ ನಂಬಿಕೆ, ಅದೇ ಕೆಲಸ.

ಒಂದು ಬೆಳಿಗ್ಗೆ ಇಡೀ ಊರು ಒಟ್ಟಿಗೇ ಎಚ್ಚರಗೊಂಡಿತು. ಯಾರೂ ಕೂಗಿರಲಿಲ್ಲ. ಹುಟ್ಟಿದಂದಿನಿಂದ ಕಿವಿಯಲ್ಲಿದ್ದ ಸದ್ದು ನಿಂತುಹೋಗಿತ್ತು.

ಓಡಿ ಹೋಗಿ ನೋಡಿದರೆ ಧಬಧಬಿ ಇದ್ದ ಕಡೆ ಬೋಳು ಬಂಡೆ, ಅದರ ಮೇಲೆ ಹಸಿರು ಪಾಚಿ ಇನ್ನೂ ತೊಟ್ಟಿಕ್ಕುತ್ತಿತ್ತು. ಮೇಲೆ, ಹಳ್ಳ ಧುಮುಕುವ ಬಾಯಲ್ಲೇ, ಬೆಟ್ಟದಿಂದ ಜಾರಿದ ಗುಂಡುಕಲ್ಲೊಂದು ಬಿರಡೆ ಹಾಕಿದಂತೆ ಕೂತಿತ್ತು. ಎರಡು ಮನೆ ಗಾತ್ರದ ಕಲ್ಲು. ನೀರು ಅದರ ಹಿಂದೆ ಕೆರೆಯಾಗಿ ನಿಂತು, ಬೆಟ್ಟದ ಆಚೆ ಮಗ್ಗುಲಿಗೆ ದಾರಿ ಹುಡುಕಿಕೊಂಡು ಇಳಿಯುತ್ತಿತ್ತು. ಫಕೀರಪ್ಪ ಕಾಕಾ ಹತ್ತಿ ಹೋಗಿ ಆ ಹೊಸ ದಾರಿಗೆ ಕೋಲು ಇಳಿಸಿ ನೋಡಿ ಬಂದ.

"ಮೆತ್ತನ್ನ ಮಣ್ಣು. ದಿನಕ್ಕೊಂದು ಮೊಳ ಕೊರಿಯಾಕತ್ತೈತಿ. ಇನ್ನ ನಾಕು ದಿನಕ್ಕ ನಮ್ಮ ಹಳ್ಳದ ಬಾಯಿಗಿಂತ ಅದ ಕೆಳಗ ಆಗತೈತಿ. ಆಮ್ಯಾಲ ಈ ಕಲ್ಲು ತಗದರೂ ಒಂದ, ಬಿಟ್ಟರೂ ಒಂದ. ನೀರು ನಮ್ಮ ಕಡೆ ಹೊಳ್ಳಿ ನೋಡಂಗಿಲ್ಲ."

ಕಲ್ಲು ಎತ್ತಬೇಕಾದರೆ ಧಬಧಬಿ ಬೀಳಬೇಕು, ಧಬಧಬಿ ಬೀಳಬೇಕಾದರೆ ಕಲ್ಲು ಏಳಬೇಕು. ನಮ್ಮ ಅಜ್ಜ ಮುತ್ತಜ್ಜರು ಹಾರೆ ಹಿಡಿಯುವುದನ್ನೇ ಮರೆತಿದ್ದರು. ಊರಿಗೆಲ್ಲ ಇದ್ದದ್ದು ಎರಡು ಹಾರೆ, ಎರಡೂ ಮೊದಲ ದಿನವೇ ಬಾಗಿದವು. ಎರಡನೆಯ ದಿನ ಬಂಡೆಯ ಮೇಲೆ ಹದಿನೈದು ಮಂದಿಯನ್ನು ಹತ್ತಿಸಿ ಕೊಡಗಳಿಂದ ನೀರು ಸುರಿಸಿದರು. ನೋಟಗಾರರು ಕಟ್ಟೆಯ ಮೇಲೆ ಕೂತು ಎಣಿಸಿದರು. ಎಂಟಕ್ಕೆಲ್ಲ ಕೊಡ ಖಾಲಿ. ಕಣ್ಣಿಗೆ ದಣಿವೇ ಆಗಲಿಲ್ಲ. ಕೆಳಗೆ ನಿಂತ ಬಸಲಿಂಗಪ್ಪನಿಗೆ ಮಾತ್ರ ಸ್ನಾನವಾಯಿತು.

ಆ ಮಧ್ಯಾಹ್ನ ನಾನು ಚಾಚಿಯ ಮನೆಗೆ ಹೋದಾಗ ಅವಳು ಗಂಟು ಕಟ್ಟುತ್ತಿದ್ದಳು. ಮಗ್ಗದ ದಿಂಡುಗಳನ್ನು ಬಿಚ್ಚಿ ಹಗ್ಗ ಸುತ್ತಿ ಇಟ್ಟಿದ್ದಳು. ಓಣಿಯ ಉಳಿದ ಮನೆಗಳಲ್ಲೂ ಅದೇ ಸದ್ದು.

"ನಾಡಿದ್ದ ಗಾಡಿ ಹೊಂಡತಾವ ಬೇಟಿ," ಎಂದಳು. "ನೀರಿಲ್ಲದ ಊರಾಗ ಬಣ್ಣದ ಮಂದಿ ಏನ ಮಾಡೂದು? ನಿನ್ನ ಕೈಯಾಗ ಇನ್ನೂ ಎರಡು ವರ್ಷದ ಕೆಲಸ ಕಲಿಯೂದು ಉಳದಿತ್ತು. ಅದೊಂದ ನನಗ ಹೊಟ್ಟಿ ಸಂಕಟ. ಚಹಾ ಕುಡಿ."

ಚಹಾದ ಕಪ್ಪುಬಸಿಯನ್ನು ನನ್ನ ಪಕ್ಕ ಅಂಗಳದ ಕಟ್ಟೆಯ ಮೇಲಿಟ್ಟು ಮಾಳಿಗೆ ಹತ್ತಿದಳು. ಅಲ್ಲಿ ಒಣಹಾಕಿದ್ದ ದೊಡ್ಡ ಜಮಖಾನವೊಂದನ್ನು ಗೋಡೆಗುಂಟ ಅಂಗಳಕ್ಕೆ ಇಳಿಬಿಡತೊಡಗಿದಳು. ಮದುವೆಯ ಚಪ್ಪರಕ್ಕೆ ಹಾಸುವಂಥದು, ಮೂವತ್ತು ಮೊಳ ಇದ್ದೀತು. ಕೆಂಪು, ಕಪ್ಪು, ಹಳದಿ ಅಡ್ಡ ಪಟ್ಟೆಗಳು ಒಂದರ ಹಿಂದೊಂದು ಇಳಿದವು. ನಾನು ಎಂದಿನಂತೆ ಎಲ್ಲವನ್ನೂ ಮರೆತು ನೋಡುತ್ತ ಕೂತೆ. ಗೋಡೆಗೆ ಬಡಿದ ಒಂದು ಮೊಳೆಯ ಮೇಲೆ ಕಣ್ಣು ನಿಂತಿತ್ತು, ಅದರ ಪಕ್ಕದಲ್ಲಿ ಪಟ್ಟೆಗಳು ಬೀಳುತ್ತಲೇ ಇದ್ದವು. ಕೊನೆಯ ಪಟ್ಟೆಯೂ ಅಂಗಳಕ್ಕೆ ಬಿತ್ತು. ಚಹಾ ತಣ್ಣಗಾದೀತು ಎಂದು ಕಪ್ಪಿನ ಕಡೆ ತಿರುಗಿದೆ.

ಕಪ್ಪು ಬಸಿಯ ಸಮೇತ ನಾಲ್ಕು ಬೆರಳು ಏರಿತು. ವಾಲಿತು. ಚಹಾ ನನ್ನ ಸೀರೆಯ ಮೇಲೆ ಚೆಲ್ಲಿತು.

"ಚಾಚೀ, ಚಹಾ ಏರಿತು!"

"ತಲಿಗೇರಿತೇನು?" ಮಾಳಿಗೆಯಿಂದ ಅವಳ ದನಿ ಬಂತು. "ನಾ ಅದರಾಗ ಬೆಲ್ಲ ಬಿಟ್ಟರ ಏನೂ ಹಾಕಿಲ್ಲ."

ನಾನು ಓಡಿದೆ. ಒದ್ದೆ ಸೀರೆಯಲ್ಲೇ ನೋಟದ ಕಟ್ಟೆಯವರೆಗೆ ಓಡಿ ಫಕೀರಪ್ಪ ಕಾಕಾನ ಮುಂದೆ ನಿಂತು, ಕಣ್ಣಿಗೆ ಬೇಕಾದ್ದು ನೀರಲ್ಲ, ಬೀಳುವುದು; ಬೀಳುವುದು ಯಾವುದಾದರೂ ಆದೀತು ಎಂದೆ. ಚಾಚಿಯ ಮಗ್ಗವನ್ನು ಕಟ್ಟೆಯ ಮುಂದೆ ನಿಲ್ಲಿಸಿ, ಬಟ್ಟೆಯ ಎರಡು ತುದಿ ಸೇರಿಸಿ ಹೊಲಿದು, ಮೇಲಿನ ದಿಂಡಿಗೂ ಕೆಳಗಿನ ದಿಂಡಿಗೂ ಮಾಲೆಯಂತೆ ಹಾಕಿ ತಿರುಗಿಸಿದರೆ, ಎಷ್ಟು ಎಣಿಸಿದರೂ ಮುಗಿಯದ ಧಬಧಬಿ ಆಗುತ್ತದೆ ಎಂದೆ.

ನೋಟಗಾರರು ಒಬ್ಬರ ಮುಖ ಒಬ್ಬರು ನೋಡಿದರು. ಬೇರೆ ದಿನವಾಗಿದ್ದರೆ ನಗುತ್ತಿದ್ದರು. ಕಾಕಾ ತುಂಬ ಹೊತ್ತು ಬೋಳು ಬಂಡೆಯನ್ನೇ ನೋಡಿ, "ಬಟ್ಟಿ ಆತು," ಎಂದ. "ಆದ್ರ ಜಮಖಾನ ಬ್ಯಾಡ. ಹತ್ತು ಮಂದಿ ತುಳಿದು ಕುಂದ್ರೂದನ್ನ ನೀರತಾಯಿ ಗಂಗವ್ವನ ಜಾಗಾದಾಗ ತೂಗಬಿಡೂದ? ಊರಾಗ ಛಲೋ ಸೀರಿ ಇಲ್ಲೇನು?"

ಬಟ್ಟೆ ಬಟ್ಟೆಯೇ ಎಂದು ನಾನೂ ತಿಳಿದೆ. ಆ ಸಂಜೆ ಹೆಂಗಸರು ಪೆಟ್ಟಿಗೆಯ ತಳದಿಂದ ರೇಷ್ಮೆ ಸೀರೆ ತೆಗೆದುಕೊಟ್ಟರು; ಉದ್ದಕ್ಕೂ ಸಣ್ಣ ಗೀರು ಎಳೆದ, ಅಂಚಿಗೆ ಜರಿ ಇದ್ದ ಸೀರೆಗಳು. ಹೊಲಿದು ಮಾಲೆ ಮಾಡಿದೆವು. ಮೂರನೆಯ ದಿನ ಹೊತ್ತು ಏರುತ್ತಿದ್ದಂತೆ ಹಲಗಿ ಬಡಿಯಿತು, ದಿಂಡು ತಿರುಗಿತು. ನೋಟಗಾರರು ನಲವತ್ತು ಎಣಿಸಿ ಕಲ್ಲನ್ನು ನೋಡಿದರು. ಕಲ್ಲು ಅವರನ್ನು ನೋಡಿತು. ಎಂಬತ್ತು ಎಣಿಸಿದರು. ನೂರಾ ಇಪ್ಪತ್ತು. ಏನೂ ಆಗಲಿಲ್ಲ.

"ಮರಗಣ್ಣಿ ಮಾತು ಕೇಳಿ ನನ್ನ ಮದವೀ ಸೀರೀಗೆ ತೂತು ಬಿತ್ತು," ಎಂದು ಯಾರೋ ಅಂದರು. ನನಗೆ ನೆಲ ಬಿರಿಯಬಾರದೇ ಎನ್ನಿಸಿತು.

ಸೀರೆಯ ಮಾಲೆಯನ್ನು ಕಳಚಲು ದಿಂಡಿನಿಂದ ಎಳೆಯುತ್ತಿದ್ದೆ. ಕೈಯಲ್ಲಿ ರೇಷ್ಮೆ ಸರಸರ ಓಡುತ್ತಿತ್ತು, ಕಣ್ಣ ಮುಂದಿನ ಗೀರು ಮಾತ್ರ ಹಗ್ಗ ಬಿಗಿದಂತೆ ನಿಂತೇ ಇತ್ತು. ಇನ್ನೊಮ್ಮೆ ಎಳೆದೆ. ಬಟ್ಟೆ ಇಳಿಯಿತು, ಗೀರು ಇಳಿಯಲಿಲ್ಲ. ಉದ್ದಕ್ಕೆ ಎಳೆದ ಗೀರು ಎಷ್ಟು ಓಡಿದರೂ ಹಿಂದಿನದು ಮುಂದಿನದರಂತೆಯೇ. ಓಡುತ್ತಿದೆ ಎಂದು ಕಣ್ಣಿಗೆ ಗೊತ್ತಾಗುವುದಾದರೂ ಹೇಗೆ? ಬೀಳುವುದು ಕಾಣಬೇಕಾದರೆ ಅಡ್ಡ ಪಟ್ಟೆ ಬೇಕು. ತುಳಿದು ಕೂರುವ ಜಮಖಾನವೇ ಬೇಕು.

ಈ ಸಲ ಕಾಕಾ ಬೇಡ ಎನ್ನಲಿಲ್ಲ. ಹದಿನಾರು ಮನೆಯ ಗಂಟುಗಳೂ ಬಿಚ್ಚಿಕೊಂಡವು. ಮೂರು ಗಂಟೆಯಲ್ಲಿ ಹೆಂಗಸರು ದಬ್ಬಣ ಹಿಡಿದು ನಾಲ್ಕು ಜಮಖಾನ ಸೇರಿಸಿ ಹೊಲಿದರು. ಅದರ ಮುಂದೆ ನಾನು ದಾರದಲ್ಲಿ ಒಂದು ನಿಂಬೆಹಣ್ಣು ಕಟ್ಟಿ ಇಳಿಬಿಟ್ಟೆ. ಕಣ್ಣು ನೆಡಲು ಒಂದು ಗುರುತು. ಸುದ್ದಿ ಹಬ್ಬಿ ಜನ ಬಂದರು. ಕಟ್ಟೆಯ ಹತ್ತಿರ ಜಾಗ ಸಾಲದೆ ಐವತ್ತು ಅರವತ್ತು ಮಂದಿ ಮಗ್ಗದ ಆಚೆ, ಧಬಧಬಿ ಬೀಳುತ್ತಿದ್ದ ಒಣ ಮಡುವಿನೊಳಗೇ ಇಳಿದು ನಿಂತರು. ಹುಟ್ಟಿದಾಗಿನಿಂದ ಯಾರೂ ಕಾಲಿಡದಿದ್ದ ಜಾಗ, ಯಾರಿಗೆ ಆಸೆಯಾಗದು? ಹಲಗಿ ಬಡಿದಾಗ ಅವರು ಕಣ್ಣು ಮುಚ್ಚಲಿಲ್ಲ. ಬೀಳುವುದನ್ನು ನೋಡದವರು ಮುಚ್ಚಬೇಕು ಎಂಬುದು ಕಟ್ಟಳೆ. ತಾವು ಜಮಖಾನ ತಿರುಗುವುದನ್ನು ನೋಡುತ್ತಲೇ ಇದ್ದೇವಲ್ಲ!

ಮೂವತ್ತೆಂಟು, ಮೂವತ್ತೊಂಬತ್ತು, ನಲವತ್ತು. ನೋಟಗಾರರು ತಲೆ ಎತ್ತಿ, ಮಡುವಿನಲ್ಲಿದ್ದವರು ಹಿಂದಕ್ಕೆ ಹೊರಳಿ, ಕಲ್ಲನ್ನು ನೋಡಿದರು. ಕಲ್ಲು ಅದುರಿತು. ಮರುಕ್ಷಣ ಗುಡುಗಿದಂಥ ಸದ್ದಾಗಿ ಕಲ್ಲು ಎರಡು ಗೇಣು ಕೆಳಕ್ಕೆ ಕುಸಿದು, ಮೊದಲಿಗಿಂತ ಬಿಗಿಯಾಗಿ ಕೂತುಕೊಂಡಿತು.

ಫಕೀರಪ್ಪ ಕಾಕಾ ರುಮಾಲು ಬಿಚ್ಚಿ ಮೊಣಕಾಲಿನ ಮೇಲಿಟ್ಟುಕೊಂಡ. ಆತನ ಬೋಳು ತಲೆಯನ್ನು ನಾನು ಅವತ್ತೇ ಮೊದಲು ನೋಡಿದ್ದು. "ಸಾಕವ್ವಾ," ಎಂದ, ಸಿಟ್ಟಿಲ್ಲದ ದನಿಯಲ್ಲಿ. "ಇದ್ದದ್ದನ್ನೂ ಕೆಡಿಸೂದು ಬ್ಯಾಡ. ನಾಳೆ ಹೊತ್ತು ಮುಳುಗಿದರ ನಾಕು ದಿನ ತುಂಬಿದಾಂಗ."

ಇಳಿದು ಬರುವಾಗ ಎಲ್ಲರೂ ನೆಲ ನೋಡಿಕೊಂಡು ನಡೆದರು. ಬಸಲಿಂಗಪ್ಪನ ಹೆಂಡತಿ ಶಾಂತವ್ವ ಮಾತ್ರ ಚಾಚಿಯ ಜೊತೆ ಬರುತ್ತ, "ಏನರ ಆಗಲಿ ಚಾಚಿ, ನಿನ್ನ ಜಮಖಾನ ಭಾಳ ಚಂದ," ಎಂದಳು. "ನಾ ಮಡುವಿನಾಗ ನಿಂತಿದ್ದೆ. ಪಟ್ಟಿ ಎಲ್ಲಾ ಒಂದರ ಮ್ಯಾಲ ಒಂದು ಮ್ಯಾಲಕ್ಕ, ಮ್ಯಾಲಕ್ಕ ಹೋಗತಿದ್ದವು. ಮುಗಿಲಿಗೆ ನಿಚ್ಚಣಿಕಿ ಹಾಕಿದಾಂಗ."

ನಾನು ನಿಂತೆ. "ಮ್ಯಾಲಕ್ಕೇನಕ್ಕಾ?"

"ಹೌದು ಮತ್ತ. ನಿನಗ ಕಾಣಲಿಲ್ಲೇನು?"

ಮಾಲೆ! ಮುಂದೆ ಇಳಿದದ್ದು ಹಿಂದೆ ಏರಲೇಬೇಕು. ಏರುವುದನ್ನು ನೋಡಿ ದಣಿದ ಕಣ್ಣು ನಿಂತದ್ದನ್ನು ಏನೆಂದು ಹೇಳುತ್ತದೆ? ಇಳಿಯುತ್ತಿದೆ ಎಂದು. ಹನ್ನೊಂದು ಮಂದಿ ಎತ್ತುತ್ತಿದ್ದರು, ಅರವತ್ತು ಮಂದಿ ಅತ್ತಲಿಂದ ಒತ್ತುತ್ತಿದ್ದರು. ನಾನು ಶಾಂತವ್ವನನ್ನು ಅಪ್ಪಿಕೊಂಡು ನಗತೊಡಗಿದೆ. ಜನ ತಿರುಗಿ ನೋಡಿದರು.

"ಪಾಪ, ಹುಡುಗಿಗೆ ಬುದ್ಧಿ ಪಲ್ಲಟಾತು," ಎಂದಳು ಶಾಂತವ್ವ.

"ಇಲ್ಲಕ್ಕಾ! ಕಲ್ಲು ನಮ್ಮ ಮಾತು ಕೇಳೇತಿ! ನೀವು ಒತ್ತಿದ್ರಿ, ಅದು ಇಳೀತು! ಸೀರಿಗೆ ಅದು ಕಿವೀನ ಕೊಟ್ಟಿರಲಿಲ್ಲ!"

ಆ ಮಾತು ಹಿಡಿದುಕೊಂಡೇ ಮತ್ತೆ ಮೇಲೆ ಹತ್ತಿದೆ. ಫಕೀರಪ್ಪ ಕಾಕಾ ಒಬ್ಬನೇ ಕಟ್ಟೆಯ ಮೇಲೆ ಕೂತಿದ್ದ. ಹೇಳಿದೆ. ಆತ ಬೆರಳಿನಿಂದ ಗಾಳಿಯಲ್ಲಿ ಒಂದು ಸುತ್ತು ಎಳೆದು, ಮುಂದೆ ಕೆಳಗೆ, ಹಿಂದೆ ಮೇಲೆ ಎಂದು ಎರಡು ಮೂರು ಸಲ ತಿರುಗಿಸಿ ನೋಡಿದ.

"ಹೌದಲ್ಲಾ," ಎಂದ ನಿಧಾನಕ್ಕೆ. "ಹಂಗಾದ್ರ ನಾಳೆ ಹಿಂದ ಯಾರನ್ನೂ ಬಿಡೂದು ಬ್ಯಾಡ. ಎಲ್ಲಾರೂ ಮನ್ಯಾಗ ಕಣ್ಣು ಮುಚ್ಚಿ ಕುಂದ್ರಲಿ. ನಾವು ಹನ್ನೊಂದು ಮಂದಿ..."

"ಕಾಕಾ, ಅರವತ್ತು ಮಂದಿ ನಿಮ್ಮನ್ನೂ ಮೀರಿ ಒತ್ತಿದ್ರು. ಅದರಾಗ ಮೂವತ್ತು ಮಂದಿ ಒಲೀ ಹೊಗಿ ಕುಡಿದ ಹೆಂಗಸರು."

ಆತ ನನ್ನನ್ನು ನೋಡಿದ. ನಾನು ಕಣ್ಣು ತಗ್ಗಿಸಲಿಲ್ಲ.

"ಎರಡು ಗೇಣು ಬಿಗಿಯಾಗೇತಿ ಕಲ್ಲು," ಎಂದೆ. "ಹನ್ನೊಂದು ಮಂದೀಗೆ ಇನ್ನ ಜಗ್ಗಾಂಗಿಲ್ಲ. ಇಡೀ ಊರು ಮುಂದ ಕುಂತರ?"

ಕಾಕಾ ಎದ್ದು ರುಮಾಲು ಸುತ್ತಿಕೊಂಡ. ಕೆಳಗಿಳಿದು ಮನೆಮನೆಯ ಬಾಗಿಲಿಗೆ ತಾನೇ ಹೋದ. ನಾಳೆ ಕಟ್ಟೆಗೆ ಬರ್ರಿ, ಹೆಂಗಸರು ಮಕ್ಕಳು ಎಲ್ಲಾರೂ ಬರ್ರಿ, ಕಣ್ಣು ತೊಳಕೊಂಡು ಬರ್ರಿ, ಎಂದು ಆತ ಕೂಗುವುದು ನಮ್ಮ ಓಣಿಯವರೆಗೂ ಕೇಳಿಸಿತು.

ನಾಲ್ಕನೆಯ ದಿನ ಬೆಳಿಗ್ಗೆ ಊರಿಗೆ ಊರೇ ಗುಡ್ಡದ ಇಳಿಜಾರಿನಲ್ಲಿ ಕೂತಿತ್ತು. ಐನೂರು ಮಂದಿ ಇದ್ದರು. ಯಾರೊಬ್ಬರೂ ಮಗ್ಗದ ಹಿಂದಿರಲಿಲ್ಲ. ಫಕೀರಪ್ಪ ಕಾಕಾ ಕಟ್ಟೆ ಬಿಟ್ಟು ಇಳಿದು ಬಂದು, ಶಾಂತವ್ವನ ಪಕ್ಕ ನೆಲದ ಮೇಲೆ ಕೂತ. ಕಟ್ಟೆಯ ಮೇಲೆ ಆತನ ಜಾಗದಲ್ಲಿ ನನ್ನ ಆಯಿ ಕಾಲು ಚಾಚಿ ಕೂತಿದ್ದಳು. "ಅಗದೀ ತಂಪು ಐತಿ ಈ ಕಟ್ಟೀ ಕಲ್ಲು. ಅದಕ್ಕ ಇವರು ಇಷ್ಟು ವರ್ಷ ಬಿಟ್ಟುಕೊಡಲಿಲ್ಲ," ಎಂದು ಪಕ್ಕದ ನೋಟಗಾರನಿಗೆ ಹೇಳುತ್ತಿದ್ದಳು. ಮೇಲೆ, ಕಲ್ಲಿನ ಬಳಿ, ನಾಲ್ವರು ಸೊಂಟಕ್ಕೆ ಹಗ್ಗ ಬಿಗಿದು, ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಕಾದಿದ್ದರು. ಕೂಗಿದ ಕೂಡಲೇ ದೂಡಬೇಕಾದವರು ಅವರು.

ದಿಂಡು ತಿರುಗಿಸುವವರು ಯಾರು? ಪೈಲ್ವಾನರು ಮುಂದೆ ಬಂದರು. ಚಾಚಿ ಅವರನ್ನು ಕೈಯಿಂದ ಸರಿಸಿದಳು. "ಇದು ಜೋರಿನ ಕೆಲಸ ಅಲ್ಲ. ಪಟ್ಟಿ ಒಂದ ಸಮ ಬೀಳಬೇಕು. ಅಷ್ಟು ಸಮ ಕೈ ಇರೂದು ಮಗ್ಗದವರಿಗೆ. ನಾನು, ಕಾಶವ್ವ." ಆಮೇಲೆ ನನ್ನ ಕಡೆ ತಿರುಗಿ ದನಿ ತಗ್ಗಿಸಿದಳು. "ಬೇಟಿ, ತಿರುಗಿಸೂರು ಬೀಳೂದನ್ನ ನೋಡಾಕ ಆಗಂಗಿಲ್ಲ. ಕಣ್ಣು ಕಟ್ಟಿಕೋಬೇಕು. ಎಲ್ಲಾರೂ ನೋಡತಾರ, ನೀ ಒಬ್ಬಾಕಿ ನೋಡಂಗಿಲ್ಲ. ನಡೀತೈತೇನು?"

ನೋಡುವುದೊಂದನ್ನು ಬಿಟ್ಟು ಜನ್ಮದಲ್ಲಿ ಬೇರೇನನ್ನೂ ಮನಸ್ಸಿಟ್ಟು ಮಾಡದವಳಿಗೆ ಆ ಮಾತು. ಸೆರಗಿನ ತುದಿಯನ್ನು ಕಣ್ಣಿಗೆ ಬಿಗಿಯಾಗಿ ಕಟ್ಟಿಕೊಂಡೆ. ದಿಂಡಿನ ಹಿಡಿಕೆಗೆ ಕೈ ಹಾಕಿದೆ.

ಹಲಗಿ ಬಡಿಯಿತು. ನಾವು ತಿರುಗಿಸಿದೆವು. ನೂಲಿನ ವಾಸನೆ, ದಿಂಡಿನ ಕಿರುಗುಟ್ಟು, ಪಕ್ಕದಲ್ಲಿ ಚಾಚಿಯ ಉಸಿರು. ಐನೂರು ಮಂದಿ ಒಟ್ಟಿಗೆ ಎಣಿಸುವುದನ್ನು ನಾನು ಎಂದೂ ಕೇಳಿರಲಿಲ್ಲ. ಹತ್ತು. ಇಪ್ಪತ್ತು. ತೋಳು ಸೋಲುತ್ತಿತ್ತು, ಸೋತರೆ ಪಟ್ಟೆ ಮುಗ್ಗರಿಸೀತು ಎಂದು ಹಲ್ಲು ಕಚ್ಚಿದೆ. ಮೂವತ್ತು. ಎಣಿಕೆ ಸಣ್ಣಗಾಗುತ್ತ ಬಂತು, ಪಿಸುಮಾತಾಯಿತು. ನಲವತ್ತು.

ಆಮೇಲೆ ಯಾರ ಉಸಿರೂ ಕೇಳಲಿಲ್ಲ.

ಮೊದಲು ಬಂದದ್ದು ಒಂದು ಉದ್ದನೆಯ ಸದ್ದು. ಗಟ್ಟಿ ಕೆಸರಿನಿಂದ ಕಾಲು ಕಿತ್ತಂಥದು, ಆದರೆ ಆನೆಯ ಕಾಲು, ಬೆಟ್ಟದ ಕಾಲು. ನನ್ನ ಪಾದದ ಕೆಳಗೆ ನೆಲ ನಡುಗಿತು. "ಯವ್ವಾ!" ಎಂದರು ಯಾರೋ. "ಎದ್ತು! ಎದ್ತು ನೋಡ್ರಿ! ಆಳೆತ್ತರ! ಎರಡಾಳೆತ್ತರ!" "ಕಣ್ಣು ಕೀಳಬ್ಯಾಡ್ರಿ, ಹಿಡೀರಿ, ಹಿಡೀರಿ!" ಇದು ಫಕೀರಪ್ಪ ಕಾಕಾನ ದನಿ, ಅಳುತ್ತಿದ್ದ ದನಿ. ಮತ್ತೆ ಎಲ್ಲ ದನಿಗಳ ಮೇಲೆ ನನ್ನ ಆಯಿಯ ಒಡಕು ಕೂಗು: "ದೂಡ್ರಲೇ! ಯಾರ ದಾರಿ ಕಾಯ್ತೀರಿ?"

ದೂಡಿದರು. ಒಂದು, ಎರಡು, ಮೂರು ಎಣಿಸುವಷ್ಟರಲ್ಲಿ ಆ ಎರಡು ಮನೆ ಗಾತ್ರದ ಕಲ್ಲು ಬೆಟ್ಟದ ಹೆಗಲಿನ ಮೇಲೆ ಧೊಪ್ಪೆಂದು ಕೂತ ಸದ್ದು ಕೇಳಿಸಿತು. ಆಮೇಲೆ ನೀರು. ನಾಲ್ಕು ದಿನ ಅದುಮಿಟ್ಟುಕೊಂಡಿದ್ದ ನೀರು ಒಟ್ಟಿಗೇ ಬಂತು. ನಮ್ಮ ಮೈಮೇಲೆ, ಮಗ್ಗದ ಮೇಲೆ, ಜಮಖಾನದ ಮೇಲೆ ಹನಿ ಸಿಡಿಯಿತು. ಚಾಚಿ ಹಿಡಿಕೆ ಬಿಟ್ಟು ನನ್ನನ್ನು ಅಪ್ಪಿಕೊಂಡು, "ಕೆಂಪು ಹೋಗತೈತಿ, ಎಲ್ಲಾ ಕೆಂಪು ಬಿಟ್ಟು ಹೋಗತೈತಿ!" ಎಂದು ಕೂಗುತ್ತ ನಗುತ್ತಿದ್ದಳು.

ನಾನು ಕಣ್ಣಿನ ಬಟ್ಟೆ ಬಿಚ್ಚಲಿಲ್ಲ. ಕಲ್ಲು ಏರುವುದನ್ನು ನಾನು ನೋಡಲಿಲ್ಲ, ಇನ್ನು ಅವಸರವೇನು ಎನ್ನಿಸಿತು. ಆ ಸದ್ದನ್ನು ಹೊಟ್ಟೆ ತುಂಬ ಕೇಳಿದೆ. ಐನೂರು ಮಂದಿಯೂ ಬಾಯಿ ತೆರೆದು ಬೀಳುವ ನೀರನ್ನೇ ನೋಡುತ್ತಿದ್ದರು ಎಂದು ಆಮೇಲೆ ತಿಳಿಯಿತು. ಎಷ್ಟೋ ಹೊತ್ತಾದ ಮೇಲೆ ಫಕೀರಪ್ಪ ಕಾಕಾ ಕೇಳಿದ: "ಅಲ್ರೋ, ಇದನ್ನ ಮಾಡಿದಾಕಿ ಎಲ್ಲಿ? ಕಾಶವ್ವ ಎಲ್ಲಿ?"

"ಇಲ್ಲೇ ಇದ್ದೇನ್ರೀ," ಎಂದು ಬಟ್ಟೆ ಬಿಚ್ಚಿದೆ.

ಐನೂರು ಮುಖಗಳು ಒಟ್ಟಿಗೆ ನೀರಿನಿಂದ ನನ್ನ ಕಡೆ ತಿರುಗಿದವು.

ಮೊದಲು ಅಂಗಾಲು ಹಗುರಾಯಿತು. ಆಮೇಲೆ ಚಾಚಿಯ ಕೈ ನನ್ನ ಭುಜದಿಂದ ಜಾರಿ ಸೊಂಟಕ್ಕೆ, ಸೊಂಟದಿಂದ ಮೊಣಕಾಲಿಗೆ ಇಳಿಯಿತು. ಇಳಿದದ್ದು ಅವಳ ಕೈಯಲ್ಲ ಎಂದು ತಿಳಿಯಲು ಒಂದು ಗಳಿಗೆ ಬೇಕಾಯಿತು. ಮಗ್ಗದ ಮೇಲಿನ ದಿಂಡು ನನ್ನ ಪಕ್ಕದಲ್ಲೇ ಹಾದು ಕೆಳಗೆ ಹೋಯಿತು. ಕಾಕಾನ ರುಮಾಲು ಮೇಲಿನಿಂದ ಹೂವಿನಂತೆ ಕಂಡಿತು. ಆಚೆ ಊರಿನ ಮಾಳಿಗೆಗಳು, ಗಂಟು ಹೇರಿ ನಿಲ್ಲಿಸಿದ್ದ ಗಾಡಿಗಳು, ಮೇಯುವುದನ್ನು ಬಿಟ್ಟು ತಲೆ ಎತ್ತಿದ ಒಂದು ಎಮ್ಮೆ.

"ಕಾಲು ನೋಡಕೋಬ್ಯಾಡ ಕಾಶವ್ವಾ!" ಎಂದು ಆಯಿ ಕಟ್ಟೆಯ ಮೇಲೆ ಎದ್ದು ನಿಂತು ಕಿರುಚಿದಳು. "ನೀ ಏನೂ ನೋಡಿಲ್ಲ, ಕಾಲು ನೋಡಿದ್ರ ಬೀಳತೀ! ನಮ್ಮನ್ನ ನೋಡು!"

ನಾನು ಅವರನ್ನೇ ನೋಡಿದೆ.